ಬೀಳುವಾಗ ಸೇವ್ ಆದವನು

ಮಲಪ್ರಭೆಯ ದಂಡೆಯಲ್ಲೊಂದು ಸಣ್ಣ ಮಠ. ಅಲ್ಲಿಯ ಮರುಳಯ್ಯಜ್ಜ ಉಪದೇಶ ಮಾಡಿದ್ದಕ್ಕಿಂತ ಹರಿಗೋಲು ಹಾಕಿದ್ದೇ ಹೆಚ್ಚು. ಆಚೆ ದಂಡೆಯ ಹಳ್ಳಿಗೆ ಸೇತುವೆ ಇರಲಿಲ್ಲ. ಸಂತೆಗಾಗಲಿ ದವಾಖಾನೆಗಾಗಲಿ ಅಲ್ಲಿಯವರು ಮಠದ ಹರಿಗೋಲಿನಲ್ಲೇ ಈಚೆಗೆ ಬರಬೇಕಿತ್ತು.

ಅಜ್ಜಾರಿಗೆ ಒಬ್ಬನೇ ಶಿಷ್ಯ, ಚನ್ನವೀರ. ಇಪ್ಪತ್ತು ದಾಟಿದವನು. ವಚನ ಚೆನ್ನಾಗಿ ಹೇಳುತ್ತಿದ್ದ, ದಾಸೋಹದ ಕೆಲಸಕ್ಕೂ ಹಿಂದೆ ಸರಿಯುತ್ತಿರಲಿಲ್ಲ. ನೀರೆಂದರೆ ಮಾತ್ರ ಅವನ ಜೀವ ಬಾಯಿಗೆ ಬರುತ್ತಿತ್ತು.

ಮೊದಲಿನಿಂದ ಹಾಗಿರಲಿಲ್ಲ. ಹೋದ ಮಳೆಗಾಲದಲ್ಲಿ ಒಂದು ದಿನ ಅಜ್ಜಾರು ಹುಟ್ಟನ್ನು ಅವನ ಕೈಗೆ ಕೊಟ್ಟು ತಾವು ದಂಡೆಯಲ್ಲಿ ನಿಂತರು. ನಡುಹೊಳೆಯಲ್ಲಿ ಹರಿಗೋಲು ಮಗುಚಿತು. ಮಠಕ್ಕೆ ರೊಟ್ಟಿ ಬಡಿಯಲು ದಿನಾ ಆಚೆಯಿಂದ ಬರುತ್ತಿದ್ದ ಗಂಗವ್ವ ಅದರಲ್ಲಿದ್ದಳು. ಚನ್ನವೀರ ಅವಳ ಕೈ ಹಿಡಿದ. ಹಿಡಿದ ಕೈ ಜಾರಿತು.

ಗಂಗವ್ವ ಸಾಯಲಿಲ್ಲ. ಕೆಳಗಡೆ ಒಂದು ಜಾಲಿಕಂಟಿಗೆ ಸಿಕ್ಕಿ ಉಳಿದಳು. ಮೈಗೆ ಚುಚ್ಚಿದ ಮುಳ್ಳು ತೆಗೆಸಿಕೊಂಡು, ವಾರ ಕಳೆಯುವುದರೊಳಗೆ ಅಜ್ಜಾರ ಹರಿಗೋಲಿನಲ್ಲೇ ಕುಳಿತು ರೊಟ್ಟಿ ಬಡಿಯಲು ಬಂದಳು.

ಚನ್ನವೀರನೇ ಮತ್ತೆ ನೀರಿಗೆ ಬರಲಿಲ್ಲ. ಹೊಳೆಯಲ್ಲಿ ಸ್ನಾನವನ್ನೂ ಬಿಟ್ಟ. ಕೊಡದಲ್ಲಿ ನೀರು ತಂದುಕೊಟ್ಟರೆ ಕಣ್ಣು ಮುಚ್ಚಿ ತಲೆಗೆ ಸುರಿದುಕೊಳ್ಳುತ್ತಿದ್ದ. ಕಣ್ಣು ಮುಚ್ಚಿದ ಕೂಡಲೆ ಆ ಬೆರಳುಗಳು ಕೈಯಿಂದ ಜಾರುತ್ತಿದ್ದವು.

ಆ ದಿನಗಳಲ್ಲಿ ಅವನಿಗೆ ಫೋನೇ ಗತಿಯಾಯಿತು.

ಚಿಕ್ಕವನಿದ್ದಾಗ ಗದಗಿನ ಸೋದರಮಾವನ ಮನೆಯಲ್ಲಿ ಟಿವಿಗೆ ಜೋಡಿಸಿ ಆಡುವ ಗೇಮುಗಳಿದ್ದವು. ಕ್ಯಾಸೆಟ್ ನಡೆಯದಿದ್ದರೆ ಅದರ ಬುಡಕ್ಕೆ ಉಫ್ ಎಂದು ಊದಿ ಮತ್ತೆ ಚುಚ್ಚುತ್ತಿದ್ದರು. ಆ ಹಳೆಯ ಗೇಮುಗಳನ್ನು ಫೋನಿನಲ್ಲೇ ಆಡಿಸುವ ಎಮ್ಯುಲೇಟರ್ ಎಂಬ ಆ್ಯಪ್ ಇದೆಯೆಂದು ಯಾರೋ ಭಕ್ತರು ಹೇಳಿದ್ದರು. ಚನ್ನವೀರ ಅದನ್ನು ಹಾಕಿಕೊಂಡ. ಗೇಮಿನ ಫೈಲನ್ನು ಒಂದು ಫೋಲ್ಡರಿನಲ್ಲಿಟ್ಟು, ಆ ಫೋಲ್ಡರನ್ನು ಆ್ಯಪಿಗೆ ತೋರಿಸಿದ. ಮೊದಲು ತೆರೆ ಕಪ್ಪಗೆ ನಿಂತುಬಿಟ್ಟಿತು. ಇನ್ನೊಂದು ಫೈಲು ತಂದು ಹಾಕಿದಾಗ ಆ ಹಳೆಯ ಸಂಗೀತ ಕೇಳಿಸಿತು, ಹಳದಿ ಮುಂಡಾಸಿನ ಉಗುರುದ್ದದ ವೀರ ಓಡಲು ಸಿದ್ಧನಾಗಿ ನಿಂತಿದ್ದ.

ಮಾವನ ಮನೆಯಲ್ಲಿ ಆ ವೀರ ಸತ್ತರೆ ಸತ್ತಂತೆ. ಮೊದಲಿನಿಂದ ಆಡಬೇಕಿತ್ತು. ಎಮ್ಯುಲೇಟರಿನಲ್ಲಿ ಹಾಗಿಲ್ಲ. ಬೇಕೆಂದ ಗಳಿಗೆಯಲ್ಲಿ ಸೇವ್ ಒತ್ತಬಹುದು. ಸತ್ತರೆ ಲೋಡ್ ಒತ್ತಿದರಾಯಿತು, ಸೇವ್ ಮಾಡಿದ ಗಳಿಗೆ ಇದ್ದಂತೆಯೇ ತಿರುಗಿ ಬರುತ್ತದೆ.

ಅಂಜಿದವನಿಗೆ ಇನ್ನೇನು ಬೇಕು? ಚನ್ನವೀರ ಹೆಜ್ಜೆಹೆಜ್ಜೆಗೂ ಸೇವ್ ಒತ್ತಿ ಆಡಿದ. ಜಿಗಿಯುವ ಮುಂಚೆ ಸೇವ್, ಜಿಗಿದು ನಿಂತ ಮೇಲೆ ಸೇವ್. ಇಷ್ಟು ಭದ್ರವಾಗಿ ಬದುಕಿದ ವೀರ ಆ ಗೇಮಿನಲ್ಲಿ ಇನ್ನೊಬ್ಬ ಇರಲಿಕ್ಕಿಲ್ಲ.

ಒಂದು ಮಧ್ಯಾಹ್ನ ಅಜ್ಜಾರು ಹಿಂದೆ ಬಂದು ನಿಂತು ಬಹಳ ಹೊತ್ತು ನೋಡಿದರು. ಬೈಯುತ್ತಾರೆಂದು ಚನ್ನವೀರ ಫೋನು ಮುಚ್ಚಹೋದ. ಅವರು ಬೇಡವೆಂದರು.

"ಇಂವ ಸಾಯೂದಿಲ್ಲೇನು?"

"ಸಾಯ್ತಾನ್ರಿ ಅಜ್ಜಾರ. ಆದ್ರ ನಾ ಮೊದಲ ಸೇವ್ ಮಾಡಿಟ್ಟಿರ್ತೀನಿ. ಅಲ್ಲಿಂದ ಮತ್ತ ಎಬ್ಬಸ್ತೀನಿ."

"ಹಂಗಾದ್ರ ನಿನ್ನ ಕೈ ಯಾಕ ಬೆವರಾಕತ್ತಾವ?"

ಚನ್ನವೀರ ಕೈ ನೋಡಿಕೊಂಡ. ಫೋನಿನ ಗಾಜು ಹಸಿಯಾಗಿತ್ತು. ಅವನು ಧೋತರದ ಅಂಚಿನಿಂದ ಅದನ್ನು ಒರೆಸಿದ.

ಚಳಿಗಾಲ ಮುಗಿಯುವ ಹೊತ್ತಿಗೆ ಅಜ್ಜಾರ ಬಲತೋಳು ಸೋತಿತು. ಹುಟ್ಟು ಎತ್ತಿದರೆ ಮುಖ ಕಿವುಚಿಕೊಳ್ಳುತ್ತಿದ್ದರು. ಎಣ್ಣೆ ತಿಕ್ಕಿಸಿಕೊಂಡರು, ಶಾಖ ಕೊಡಿಸಿಕೊಂಡರು, ಯಾವುದೂ ನಾಟಲಿಲ್ಲ. ಒಂದು ದಿನ ಊಟದ ಪಂಕ್ತಿಯಲ್ಲಿ, ಸಾರು ಬಡಿಸು ಎನ್ನುವಷ್ಟೇ ಸಹಜವಾಗಿ, ಸೋಮವಾರದಿಂದ ಹುಟ್ಟು ನಿನ್ನದು ಎಂದರು. ನಿನ್ನಿಂದ ಆಗದಿದ್ದರೆ ಹರಿಗೋಲನ್ನು ಬೋರಲು ಹಾಕಿಬಿಡೋಣ, ಆಚೆಯವರು ಸುತ್ತುಹಾಕಿ ಬರಲಿ, ಬರಲಾಗದವರು ಅಲ್ಲೇ ಇರಲಿ ಎಂದೂ ಹೇಳಿದರು.

ಚನ್ನವೀರನ ಬಾಯಿಯ ತುತ್ತು ಒಳಗೆ ಹೋಗಲಿಲ್ಲ, ಹೊರಗೂ ಬರಲಿಲ್ಲ. ಅಂಜಿದವನ ಮೇಲೆ ಕಪ್ಪೆ ಎಸೆದಂತಾಯಿತು.

ನೀರಿಗಿಳಿಯದೆ ಈಜು ಬಾರದು ಎಂದು ಬೇರೆ ಗುರುಗಳಾದರೆ ಒಂದು ಗಾದೆ ಒಗೆದು ಎದ್ದು ಹೋಗುತ್ತಿದ್ದರು. ಅಜ್ಜಾರು ಮಜ್ಜಿಗೆ ಕುಡಿದು ಎದ್ದರು.

ಅಂದಿನಿಂದ ಚನ್ನವೀರ ಹೊಳೆಯ ಸಪ್ಪಳ ಕೇಳದಿರಲೆಂದು ಕಿವಿಗೆ ಬಟ್ಟೆ ಸುತ್ತಿಕೊಂಡ. ಮಠ ಬಿಟ್ಟು ಹೋಗುವ ವಿಚಾರವೂ ಬಂತು. ಗಂಟು ಕಟ್ಟಿದ, ಮತ್ತೆ ಬಿಚ್ಚಿದ. ಹೋದರೆ ಹರಿಗೋಲು ನಿಲ್ಲುತ್ತದೆ. ಇಲ್ಲೇ ಉಳಿದರೆ ತಾನು ನಡುಹೊಳೆಗೆ ಹೋಗಬೇಕು. ಎರಡಕ್ಕೂ ಅವನಲ್ಲಿ ಧೈರ್ಯವಿರಲಿಲ್ಲ.

ಆದಿತ್ಯವಾರ ಅವನು ಗೇಮಿನ ಕೊನೆಯ ಮಜಲಿಗೆ ಬಂದಿದ್ದ. ಅಲ್ಲೂ ಒಂದು ಹೊಳೆ. ತೇಲಿಬರುವ ದಿಮ್ಮಿಯಿಂದ ದಿಮ್ಮಿಗೆ ಜಿಗಿಯುತ್ತ ದಾಟಬೇಕು. ನೀರು ನೋಡಿ ಅವನ ಹೆಬ್ಬೆರಳು ತಡವಾಗಿ ಒತ್ತಿತು. ವೀರ ಜಿಗಿದ. ದಿಮ್ಮಿ ತಪ್ಪಿತು. ಆ ಗಾಬರಿಯಲ್ಲಿ ಚನ್ನವೀರ ಒತ್ತಬಾರದ ಹೊತ್ತಿನಲ್ಲಿ ಸೇವ್ ಒತ್ತಿಬಿಟ್ಟ.

ವೀರ ನೀರಿನಲ್ಲಿ ಮುಳುಗಿದ. ಚನ್ನವೀರ ಲೋಡ್ ಒತ್ತಿದ. ವೀರ ಗಾಳಿಯಲ್ಲಿ ಕಾಣಿಸಿಕೊಂಡ, ಕಾಲ ಕೆಳಗೆ ಏನೂ ಇಲ್ಲ, ಬಿದ್ದ. ಮತ್ತೆ ಲೋಡ್. ಮತ್ತೆ ಬಿದ್ದ.

ಸೇವ್ ಇಡಲು ಆ ಆ್ಯಪಿನಲ್ಲಿ ಬೇರೆ ಬೇರೆ ಖಾನೆಗಳಿದ್ದವು. ಅವಸರದ ಚನ್ನವೀರ ಯಾವಾಗಲೂ ಮೊದಲನೆಯದೊಂದನ್ನೇ ಬಳಸಿದ್ದ. ಹೊಸದು ಕೂತಾಗ ಹಳೆಯದು ಅಳಿಯುತ್ತದೆ. ಈಗ ಅವನ ಬಳಿ ಉಳಿದದ್ದು ಆ ಒಂದು ಗಳಿಗೆ, ಬೀಳುವ ಗಳಿಗೆ ಮಾತ್ರ.

ಬೆಳಗಿನಿಂದ ಮಧ್ಯಾಹ್ನದವರೆಗೆ ಅವನು ಅದನ್ನೇ ತೆರೆದ. ಎಡಕ್ಕೆ ಒತ್ತಿ ನೋಡಿದ, ಬಲಕ್ಕೆ ಒತ್ತಿ ನೋಡಿದ. ಊಟಕ್ಕೂ ಏಳಲಿಲ್ಲ. ಅಜ್ಜಾರು ಹುಡುಕಿಕೊಂಡು ಬಂದಾಗ ಅವನ ಕಣ್ಣು ಕೆಂಪಗಾಗಿತ್ತು. ಏನಾಯಿತೆಂದು ಕೇಳಿದರು. ಅವನು ಎಲ್ಲ ಹೇಳಿದ.

ಅಜ್ಜಾರು ಫೋನು ಇಸಿದುಕೊಂಡು ತಾವೂ ಒಮ್ಮೆ ಒತ್ತಿದರು. ವೀರ ಬಿದ್ದ. ಪಾಪ ಎಂದರು.

"ಇದಕ್ಕ ಉಪಾಯ ಇಲ್ಲೇನು?"

"ಐತ್ರಿ. ಲೋಡ್ ಮಾಡೂದು ಬಿಟ್ಟು ಮೊದಲಿಂದ ಆಡಬೇಕು. ಆದ್ರ ಇಲ್ಲೀತನಕ ಬಂದಿದ್ದೆಲ್ಲಾ ಹೊಕ್ಕೈತ್ರಿ."

"ಅದಕ್ಕ ಅಂಜಿ ಇದನ್ನ ಹಿಡಕೊಂಡು ಕುಂತಿ?"

ಅಜ್ಜಾರು ಬಾ ಎಂದು ಹೊರಗೆ ಕರೆದುಕೊಂಡು ಹೋದರು.

ಹರಿಗೋಲು ಹೊಳೆಯಿಂದ ದೂರ, ಉಸುಕಿನ ಮೇಲೆ ಬೋರಲಾಗಿ ಬಿದ್ದಿತ್ತು. ಹೊಸದಾಗಿ ಬಳಿದ ಡಾಂಬರು ಬಿಸಿಲಿಗೆ ಒಣಗುತ್ತಿತ್ತು. ಅಜ್ಜಾರು ಅದನ್ನು ಅಂಗಾತ ಮಾಡಲು ಹೇಳಿದರು. ಮಾಡಿದ. ಒಳಗೆ ಕೂರಲು ಹೇಳಿದರು. ಕುಳಿತ. ಕುಳಿತವನೇ ಎರಡೂ ಕೈಯಿಂದ ಅಂಚು ಗಟ್ಟಿಯಾಗಿ ಹಿಡಿದ. ಹಣೆಯಲ್ಲಿ ಬೆವರು ಒಡೆಯಿತು.

"ನೀರು ಎಲ್ಲೈತಿ?" ಅಜ್ಜಾರು ಕೇಳಿದರು.

ಅವನು ದೂರಕ್ಕೆ ಬೆರಳು ಮಾಡಿದ.

"ಮತ್ತ ಈಗ ಯಾವ ನೀರಾಗ ಮುಳಗಾಕತ್ತಿ?"

ಆಗ ಚನ್ನವೀರ ಅತ್ತುಬಿಟ್ಟ. ಅಷ್ಟು ದಿನ ಯಾರ ಮುಂದೆಯೂ ಆಡದ ಮಾತು ಬಾಯಿಗೆ ಬಂತು.

"ಗಂಗವ್ವನ ಕೈ ಇನ್ನೂ ಜಾರಾಕತ್ತೈತ್ರಿ ಅಜ್ಜಾರ. ರೊಟ್ಟಿ ತಾಟಿಗೆ ಹಾಕಾಕ ಅಕಿ ಕೈ ಚಾಚಿದ್ರೂ ಜಾರತೈತಿ."

ಅಜ್ಜಾರು ಸಮಾಧಾನ ಹೇಳಲಿಲ್ಲ. ನಿನ್ನ ಫೋನಿನ ಆ ವೀರ ಈಗ ಎಲ್ಲಿದ್ದಾನೆ ಎಂದು ಕೇಳಿದರು. ಗಾಳಿಯಲ್ಲಿ ಇದ್ದಾನೆ ಎಂದ ಚನ್ನವೀರ. ಅವರು ಹೂಂ ಎಂದು ಮಠದೊಳಗೆ ಹೋದರು.

ಸೋಮವಾರ ಬೆಳಕು ಹರಿದಾಗ ಅಜ್ಜಾರು ಆಗಲೇ ಹರಿಗೋಲನ್ನು ಭಕ್ತರಿಂದ ನೀರಿಗೆ ಇಳಿಸಿಕೊಂಡು ಅದರಲ್ಲಿ ಕುಳಿತಿದ್ದರು. ಸೋತ ತೋಳನ್ನು ಮಡಿಲಲ್ಲಿ ಇಟ್ಟುಕೊಂಡಿದ್ದರು. ಹುಟ್ಟು ಶಿಷ್ಯನ ಜಾಗದಲ್ಲಿತ್ತು.

ಚನ್ನವೀರ ಹೇಗೆ ನೀರಿಗಿಳಿದನೋ ಅವನಿಗೇ ತಿಳಿಯಲಿಲ್ಲ. ಆ ಮುದುಕರು ಒಬ್ಬರೇ ಕುಳಿತಿದ್ದು ನೋಡಲಾಗದೆ ಇಳಿದ, ಅಷ್ಟೇ. ಹರಿಗೋಲು ಹತ್ತಿ ದಂಡೆಗೆ ಹುಟ್ಟು ಊರಿ ನೂಕಿದ.

ಹರಿಗೋಲಿಗೆ ಮುಂದು ಹಿಂದು ಎಂಬುದಿಲ್ಲ. ಕೈ ತಪ್ಪಿದರೆ ನಿಂತಲ್ಲೇ ಗಿರಗಿರ ತಿರುಗುತ್ತದೆ. ನಡುಹೊಳೆಯಲ್ಲಿ ಹಾಗೇ ಆಯಿತು. ಆ ಜಾಗ ಬಂತೆಂದು ಚನ್ನವೀರನ ಮೈಗೆ ಗೊತ್ತಾಯಿತು. ಹುಟ್ಟು ಎದೆಗೆ ಅವಚಿಕೊಂಡು ಕಣ್ಣು ಮುಚ್ಚಿದ. ಹರಿಗೋಲು ತಿರುಗತೊಡಗಿತು.

"ಅಜ್ಜಾರ, ಇಲ್ಲೇ ಮಗಚಿತ್ರಿ. ಇದ ನೀರು."

"ಆ ನೀರು ಎಂದೋ ಸಮುದ್ರ ಸೇರೈತಿ," ಎಂದರು ಅಜ್ಜಾರು. "ನೀ ಒಬ್ಬಾಂವ ಇಲ್ಲೇ ಉಳದಿ."

ಅವರು ಕೈ ಚಾಚಲಿಲ್ಲ. ಚಾಚಿದರೂ ಆ ತೋಳಿನಿಂದ ಏನೂ ಆಗುತ್ತಿರಲಿಲ್ಲ, ಅದು ಇಬ್ಬರಿಗೂ ಗೊತ್ತಿತ್ತು. ಹರಿಗೋಲು ಇನ್ನೊಂದು ಸುತ್ತು ತಿರುಗಿತು. ಚನ್ನವೀರ ಕಣ್ಣು ತೆರೆದ. ಹುಟ್ಟನ್ನು ನೀರಿಗೆ ಹಾಕಿ ಎಳೆದ.

ಅಂಜಿಕೆ ಹೋಗಲಿಲ್ಲ. ಅಂಜುತ್ತಲೇ ಎಳೆದ. ಆಚೆ ದಂಡೆ ತಾಗಿದಾಗ ಅವನ ಹಲ್ಲು ಕಟಕಟ ಎನ್ನುತ್ತಿದ್ದವು.

ಗಂಗವ್ವ ಹಿಟ್ಟಿನ ಬುಟ್ಟಿ ಇಟ್ಟುಕೊಂಡು ಕಾಯುತ್ತಿದ್ದಳು. ಹುಟ್ಟು ಯಾರ ಕೈಯಲ್ಲಿದೆಯೆಂದು ನೋಡಿದಳು. ಅಜ್ಜಾರು ಇಳಿದು, ತಮಗೆ ತೋಳು ನೋಯುತ್ತಿದೆ, ಸಂಜೆಯವರೆಗೆ ಈ ಬೇವಿನ ನೆರಳಿನಲ್ಲೇ ಇರುತ್ತೇನೆ, ನೀನು ಗಂಗವ್ವನನ್ನು ದಾಟಿಸು ಎಂದರು. ಆಮೇಲೆ ಎಡಗೈ ಚಾಚಿ ಫೋನು ಕೇಳಿದರು.

ಬರುವಾಗ ಗುರುಗಳು ಜೊತೆಗಿದ್ದರು. ಈಗ ತಾನೊಬ್ಬನೇ, ಅದೂ ಗಂಗವ್ವನ ಜೊತೆ. ಚನ್ನವೀರ ಫೋನು ಕೊಟ್ಟ.

ಅಜ್ಜಾರು ಬೇವಿನ ಬುಡಕ್ಕೆ ಒರಗಿ, ಗೇಮು ತೆರೆದು, ಮೊದಲಿನಿಂದ ಶುರುಮಾಡಿದರು. ಹಳದಿ ಮುಂಡಾಸಿನವನು ಓಡಿದ, ಮೊದಲನೆಯ ತಗ್ಗಿನಲ್ಲೇ ಬಿದ್ದು ಸತ್ತ. ಅಜ್ಜಾರು ಮಗುವಿನಂತೆ ನಕ್ಕು ಮತ್ತೆ ಶುರುಮಾಡಿದರು. ಮೇಲಿರುವ ಸೇವ್ ಒತ್ತಿಕೊಂಡು ಆಡಿರೆಂದು ಚನ್ನವೀರ ತಡೆಯಲಾರದೆ ಹೇಳಿದ. ಅವರು ಹೂಂ ಎಂದರು, ಒತ್ತಲಿಲ್ಲ.

ಗಂಗವ್ವ ಬುಟ್ಟಿಯನ್ನು ಹರಿಗೋಲಿನಲ್ಲಿಟ್ಟು ಹತ್ತಲು ಕೈ ಚಾಚಿದಳು. ಚನ್ನವೀರ ಆ ಕೈ ನೋಡುತ್ತ ನಿಂತ. ಹಿಟ್ಟು ಮೆತ್ತಿದ, ಗಂಟುಗಂಟಾದ ಬೆರಳುಗಳು. ಹಿಡಿಯಲೂ ಅಂಜಿಕೆ, ಹಿಡಿಯದಿರಲೂ ಅಂಜಿಕೆ. ಕೊನೆಗೆ ಹಿಡಿದ. ಅವಳು ಹತ್ತಿ ಕುಳಿತ ಮೇಲೂ ಬಿಡಲಿಲ್ಲ.

"ಸಾಕು ಬಿಡೋ ತಮ್ಮಾ," ಎಂದಳು ಗಂಗವ್ವ. "ನನ್ನ ಕೈ ಹಿಡಕೊಂಡು ಕುಂತ್ರ ಹುಟ್ಟು ಯಾರು ಹಾಕ್ತಾರ, ನಿಮ್ಮ ಮಾವ?"

ಅವನು ಬಿಟ್ಟ. ಹುಟ್ಟು ಎತ್ತಿಕೊಂಡ. ಹರಿಗೋಲು ದಂಡೆ ಬಿಟ್ಟಿತು. ಸ್ವಲ್ಪ ದೂರ ಹೋಗುತ್ತಲೇ ನೀರಿನ ಬಣ್ಣ ಬದಲಾಯಿತು, ಆಳ ಶುರುವಾಯಿತು. ಚನ್ನವೀರ ತಿರುಗಿ ದಂಡೆಯ ಕಡೆ ಕೂಗಿದ.

"ಅಜ್ಜಾರ, ನಡುಬರಕ ಮತ್ತ ಬಿದ್ರ?"

ಅಜ್ಜಾರು ಫೋನಿನಿಂದ ತಲೆ ಎತ್ತಿದರು.

"ಬಿದ್ರ ಒಂದ ಸಲ ಬೀಳ್ತಿ, ತಮ್ಮಾ."