ಕಪ್ಪೆ, ಜೀರುಂಡೆ ಮತ್ತು ಬಿಕ್ಕಳಿಕೆಯ ಹಾಡು

ಕೆರೆಯೊಂದರ ದಂಡೆಯಲ್ಲಿ ಭೇರೀಕಂಠನೆಂಬ ಕಪ್ಪೆಯೂ ಸೂಕ್ಷ್ಮನಾದನೆಂಬ ಜೀರುಂಡೆಯೂ ಜೋಡಿಯಾಗಿ ಹಾಡುತ್ತಿದ್ದವು. ಅವುಗಳ ಒಂದೇ ಒಂದು ಹಾಡು ಕೆರೆಯಲ್ಲೆಲ್ಲ ಮನೆಮಾತಾಯಿತು. ಅದರ ನಡುವೆ ಕಪ್ಪೆ ಉಸಿರುಗಟ್ಟಿದಂತೆ ನಟಿಸಿ ಬಿಕ್ಕಳಿಸುತ್ತಿತ್ತು; ಜೀರುಂಡೆ “ಅಯ್ಯಯ್ಯೋ, ಗೆಳೆಯ ಹೋದ!” ಎಂದು ಕೂಗುತ್ತಿತ್ತು, ನೆರೆದವರೆಲ್ಲ ನಗುತ್ತ ಆ ಕೂಗಿಗೆ ದನಿಗೂಡಿಸುತ್ತಿದ್ದರು.

ಒಂದು ಸಂಜೆ ಕಪ್ಪೆ, “ಇಂದು ಹೊಸ ಹಾಡೊಂದನ್ನು ಕೇಳಿಸುತ್ತೇವೆ” ಎಂದಿತು.

“ನಿನ್ನ ಸಂಗೀತ ಯಾರಿಗೆ ಬೇಕಯ್ಯಾ? ಬಿಕ್ಕಳಿಸು!” ಎಂದಿತು ಮುದಿ ಆಮೆ.

ಆದರೂ ಹೊಸ ಹಾಡಿಗೆಂದೇ ಕಪ್ಪೆ ಬಾಯಿ ತೆರೆಯಿತು. ಹಾರಿಬಂದ ದುಂಬಿಯೊಂದು ಗಂಟಲಿಗೆ ಸಿಕ್ಕಿಕೊಂಡು, ಕಪ್ಪೆ ನಿಜವಾಗಿಯೇ ಬಿಕ್ಕಳಿಸಿತು.

“ಅಯ್ಯಯ್ಯೋ, ಗೆಳೆಯ ಹೋದ! ಯಾರಾದರೂ ಅವನ ಬೆನ್ನು ತಟ್ಟಿರಿ, ನನ್ನ ಕೈಲಾಗದು!” ಎಂದು ಜೀರುಂಡೆ ಚೀರಿತು. ಮೊದಲ ಮಾತಿಗೇ ಇಡೀ ಕೆರೆ ದನಿಗೂಡಿಸಿತು. ಉಳಿದ ಮಾತು ಯಾರಿಗೂ ಕೇಳಿಸಲಿಲ್ಲ.

ಕಪ್ಪೆ ಸತ್ತಿತು. ಹಾಡಿಗಾಗಿಯೇ ಪ್ರಾಣ ತೆತ್ತ ಮಹಾಗಾಯಕನೆಂಬ ಕಥೆ ಬೆಳಗಾಗುವಷ್ಟರಲ್ಲಿ ಕೆರೆ ದಾಟಿತ್ತು. ಆಮೆ ಜೀರುಂಡೆಯ ಬಳಿಗೆ ಬಂದು, “ಧನ್ಯನಪ್ಪಾ ನಿನ್ನ ಗೆಳೆಯ! ಕಡೆಯ ಉಸಿರಿನವರೆಗೂ ಹಾಡಿದ” ಎಂದಿತು.

“ಅವನು ಹಾಡಲಿಲ್ಲ, ಅಜ್ಜಾ” ಎಂದಿತು ಜೀರುಂಡೆ. “ಹಾಡಿದವರು ನೀವು.”