ಎರಡು ಕೇರಿಯ ತಣ್ಣನೆಯ ಒಲೆಗಳು

"ಗುರುಗಳೇ, ಚುನಾವಣೆ ಮುಗಿದು ವರ್ಷವಾಯಿತು. ನಮ್ಮೂರಲ್ಲಿ ಇವತ್ತಿಗೂ ಒಂದು ಪಕ್ಷದವರನ್ನು ಕಂಡರೆ ಇನ್ನೊಂದು ಪಕ್ಷದವರು ಬಾಗಿಲು ಹಾಕಿಕೊಳ್ಳುತ್ತಾರೆ. ಇಂಥ ಕಾಲ ಹಿಂದೆ ಎಂದಾದರೂ ಇತ್ತೇ?" ಎಂದು ಶಿಷ್ಯ ಅಡವಯ್ಯ ಕೇಳಿದ.

"ಇತ್ತಪ್ಪ, ಕೇಳು" ಎಂದು ಗುರುಗಳು ನಗುತ್ತಲೇ ಹೇಳತೊಡಗಿದರು.

ಪಾಳೆಯಗಾರರ ಕಾಲ. ಗದ್ದುಗೆಗಾಗಿ ಅಣ್ಣ ತಮ್ಮ ಕಾದಾಡುತ್ತಿದ್ದರು. ಒಂದೂರಿನ ಮೇಲಿನ ಕೇರಿ ಅಣ್ಣನ ಕಡೆ, ಕೆಳಗಿನ ಕೇರಿ ತಮ್ಮನ ಕಡೆ. ಅಣ್ಣನನ್ನಾಗಲಿ ತಮ್ಮನನ್ನಾಗಲಿ ಆ ಊರಲ್ಲಿ ಕಣ್ಣಾರೆ ಕಂಡವರಿರಲಿಲ್ಲ, ಅದು ಬೇರೆ ಮಾತು. ಕೇರಿಗಳ ನಡುವೆ ಮುಳ್ಳಿನ ಬೇಲಿ ಎದ್ದಿತು. ಮೇಲಿನ ಕೇರಿಯವರು ನಮ್ಮ ಒಲೆಯ ಹೊಗೆ ತೋರಿಸಿ ಅಣ್ಣನ ದಂಡು ಕರೆಸುತ್ತಾರೆ ಎಂದು ಕೆಳಗಿನ ಕೇರಿಯಲ್ಲಿ ಯಾರೋ ಗಾಳಿಮಾತು ಬಿಟ್ಟರು. ಕೆಳಗಿನ ಕೇರಿಯವರು ಒಂದೂ ಬಿಡದೆ ಒಲೆಗಳಿಗೆ ನೀರು ಸುರಿದರು. ತಂಗಳು ತಿಂದರು, ಅದು ಮುಗಿದ ಮೇಲೆ ನೆನೆಸಿದ ಕಾಳು ತಿಂದರು.

ಅಲ್ಲೊಬ್ಬ ರೈತ. ಅವನ ಹೆಂಡತಿ ಆ ಬೆಳಗ್ಗೆ ಹೆತ್ತಿದ್ದಳು. ಹೊರಗೆ ಜಡಿಮಳೆ, ಕೂಸು ತಣ್ಣಗಾಗುತ್ತಿತ್ತು. ರೈತ ಚಕಮಕಿ ಕಲ್ಲು ಹೊಡೆದ. ಕಿಡಿ ಹಾರಿತು, ಒದ್ದೆ ನಾರು ಹಿಡಿಯಲಿಲ್ಲ. ದಂಡಿನ ಭಯ ಅವನಿಗೂ ಇತ್ತು. ಕೂಸಿನ ಭಯ ಅದಕ್ಕಿಂತ ದೊಡ್ಡದಾಯಿತು. ಕಲ್ಲನ್ನು ಸೊಂಟಕ್ಕೆ ಸಿಕ್ಕಿಸಿಕೊಂಡು, ಕೆಂಡ ತರಲು ಒಡೆದ ಮಡಕೆಯ ಚೂರೊಂದನ್ನು ಹಿಡಿದು ಬೇಲಿ ದಾಟಿದ. ಮೊದಲ ಮನೆ ಅರಳೆ ವರ್ತಕನದು.

"ಬೆಂಕಿ ಕೇಳಲು ಬಂದೆಯೋ, ಇಡಲು ಬಂದೆಯೋ?" ಎಂದ ವರ್ತಕ, ಬಾಗಿಲ ಸಂದಿನಿಂದ.

"ಇಡಲು ಬೆಂಕಿ ಇದ್ದಿದ್ದರೆ ನಿಮ್ಮ ಮನೆಗೇಕೆ ಬರುತ್ತಿದ್ದೆ, ಸಾಹುಕಾರರೇ? ಮನೆಯಲ್ಲಿ ಹಸಿ ಬಾಣಂತಿ. ಒಂದು ಕೆಂಡ ಕೊಡಿ."

ವರ್ತಕ ಬಾಗಿಲು ತೆರೆದ. "ಕೊಡಲು ಏನಿದೆಯಪ್ಪ? ಹೊಗೆ ಕಂಡರೆ ನೀವು ದಂಡು ಕರೆಸುತ್ತೀರೆಂದು ನಮ್ಮ ಕೇರಿಗೆ ಕೇರಿಯೇ ಒಲೆ ಆರಿಸಿ ಕೂತಿದೆ. ಕಲ್ಲು ಹೊಡೆಯುವುದು ನಮಗೆ ಬಾರದು. ಬೆಂಕಿ ಬೇಕಾದಾಗ ನಿಮ್ಮಲ್ಲಿಂದಲೇ ತರುತ್ತಿದ್ದೆವು."

ಇಬ್ಬರೂ ಒಬ್ಬರ ಮುಖ ಒಬ್ಬರು ನೋಡಿದರು. ಯಾರು ಮೊದಲು ನಕ್ಕರೋ ತಿಳಿಯದು. ರೈತ ಸೊಂಟದ ಕಲ್ಲು ತೆಗೆದ. ವರ್ತಕ ಮೂಟೆ ಬಿಚ್ಚಿ ಒಣ ಅರಳೆ ಹಿಡಿದ. ವರ್ತಕನ ಒಲೆಯಲ್ಲಿ ಬೆಂಕಿ ಹತ್ತಿತು. ರೈತ ಕೆಂಡ ಹೊತ್ತು ಓಡಿದ. ನೀರು ಕಾಯಿತು, ಕೂಸು ಕೈಕಾಲು ಬಡಿದು ಅತ್ತಿತು. ಹೊಗೆ ಕಂಡು ಎರಡು ಕೇರಿಯವರೂ ಮೊದಲು ಬಡಿಗೆ ಹಿಡಿದು ಬಂದರು, ಆಮೇಲೆ ಮಡಕೆ ಚೂರು ಹಿಡಿದು ಬಂದರು. ದಂಡು? ಅದು ಆ ಊರಿನ ದಾರಿಯನ್ನೇ ತುಳಿಯಲಿಲ್ಲ.

ಅಡವಯ್ಯನಿಗೆ ಸಮಾಧಾನವಾಗಲಿಲ್ಲ. "ಅದೆಲ್ಲ ಸರಿ ಗುರುಗಳೇ. ಅಣ್ಣನದು ನ್ಯಾಯವೋ ತಮ್ಮನದು ನ್ಯಾಯವೋ, ಅದು ತೀರ್ಮಾನವಾಯಿತೇ?"

"ಎಲ್ಲಿ ಆಯಿತಪ್ಪ, ಆ ಎರಡು ಕೇರಿಯವರ ಮರಿಮಕ್ಕಳು ಇವತ್ತಿಗೂ ಅದಕ್ಕೇ ಜಗಳವಾಡುತ್ತಾರೆ, ಆದರೆ ಒಂದೇ ಒಲೆಯ ಮುಂದೆ ಕೂತು."