ಕುಣಿಕೆವ್ವನ ಕಲ್ಲು

ಕರಿಕೆಹಾಳಿನ ಪಡುವಣಕ್ಕಿರುವ ಬೋಳು ಮರಡಿಯನ್ನು ಹತ್ತಿದರೆ ಒಂದು ಕಲ್ಲು ಕಾಣುತ್ತದೆ. ಹೆಂಗಸೊಬ್ಬಳು ಮಂಡಿಯೂರಿ ಕೂತಷ್ಟು ಎತ್ತರ. ಒಂದು ಕಡೆ ಮುಂಗೈಯಂತೆ ಚಾಚಿಕೊಂಡಿದೆ, ಅದಕ್ಕೆ ಪುಂಡಿನಾರಿನ ಹಗ್ಗ ಕಟ್ಟಿದೆ. ಗುಡಿಯಿಲ್ಲ, ಗಂಟೆಯಿಲ್ಲ, ಯಾರೂ ಕಾಯಿ ಒಡೆಯುವುದಿಲ್ಲ. ಹಗ್ಗದ ಗಂಟು ಕುಣಿಕೆ, ಕರುವಿಗೆ ಹಾಕುತ್ತೇವಲ್ಲ ಅದೇ. ಜಗ್ಗಿದಷ್ಟೂ ಬಿಗಿಯುತ್ತದೆ, ಆದರೆ ಅದರ ಮೋಟುತುದಿ ಹಿಡಿದೆಳೆದರೆ ಒಂದೇ ಸಲಕ್ಕೆ ಬಿಚ್ಚಿಕೊಳ್ಳುತ್ತದೆ. ಆ ಮೋಟುತುದಿ ಗಾಳಿಗೆ ಅಲ್ಲಾಡುತ್ತಿರುತ್ತದೆ. ಹೊಸಬರು ಯಾರಾದರೂ ಸುಮ್ಮನೆ ಕೈ ಚಾಚಿದರೆ, ದೂರದಲ್ಲಿ ಕುರಿ ಕಾಯುವ ಹೆಂಗಸರೆಲ್ಲ ಒಟ್ಟಿಗೆ ಕೂಗಿಕೊಳ್ಳುತ್ತಾರೆ. ಯಾಕೆಂದು ನನ್ನ ಅತ್ತೆ ನನಗೆ ಹೇಳಿದ್ದಳು, ಅವಳಿಗೆ ಅವಳ ಅತ್ತೆ.

ಹಿಂದೆ ಒಮ್ಮೆ ಇಲ್ಲಿ ಊರಿರಲಿಲ್ಲ, ಮೂರು ಕುರಿಹಟ್ಟಿಗಳಷ್ಟೇ ಇದ್ದವು ಎನ್ನುತ್ತಾರೆ. ಆಗ ಒಬ್ಬ ಮುದುಕನಿಗೆ ಎರಡು ವಿದ್ಯೆ ಬರುತ್ತಿತ್ತಂತೆ, ಕಟ್ಟು ಮತ್ತು ಬಿಚ್ಚು. ಕಟ್ಟು ಹೇಳಿದರೆ ಹರಿಯುವ ನೆತ್ತರು ನಿಲ್ಲುತ್ತಿತ್ತು, ಏರುವ ವಿಷ ನಿಲ್ಲುತ್ತಿತ್ತು. ಬಿಚ್ಚು ಹೇಳಿದರೆ ಒಣಗಿದ ಒರತೆ ಜಿನುಗುತ್ತಿತ್ತು, ಅಡ್ಡ ತಿರುಗಿದ ಕೂಸು ಹೊರಳಿ ಇಳಿಯುತ್ತಿತ್ತು. ಮುದುಕ ಸಾಯುವಾಗ ಮಗ ಕಾಟಯ್ಯನಿಗೆ ಕಟ್ಟನ್ನೂ ಮಗಳು ದಾನವ್ವನಿಗೆ ಬಿಚ್ಚನ್ನೂ ಕೊಟ್ಟು, ಇಬ್ಬರೂ ಒಂದೇ ಹೊಸ್ತಿಲು ತುಳಿಯಬಾರದೆಂದು ಆಣೆ ಹಾಕಿಸಿದ. ನೀರು ಬೆಂಕಿಯನ್ನು ಆರಿಸಿದಂತೆ ಇವು ಒಂದನ್ನೊಂದು ಆರಿಸುವುದಿಲ್ಲ. ಒಂದು ಜಗ್ಗಿದಷ್ಟೂ ಇನ್ನೊಂದಕ್ಕೆ ಬಲ ಬರುತ್ತದೆ, ಹರಿದುಹೋಗುವುದು ನಡುವೆ ಸಿಕ್ಕ ಜೀವ. ಆ ಭಯಕ್ಕೇ ಅಣ್ಣ ಮೂಡಣ ಹಟ್ಟಿಯಲ್ಲಿ, ತಂಗಿ ತೆಂಕಣ ಹಟ್ಟಿಯಲ್ಲಿ, ಮೂವತ್ತು ವರ್ಷ ಮುಖ ನೋಡದೆ ಬಾಳಿದರು.

ಈ ಮರಡಿಯ ಮೇಲಿದ್ದ ನಡುವಿನ ಹಟ್ಟಿಯಲ್ಲಿ ಸಿರಿಯವ್ವ ಎಂಬವಳಿದ್ದಳು. ಹಗ್ಗ ಹೊಸೆಯುವುದರಲ್ಲಿ ಅವಳನ್ನು ಮೀರಿಸಿದವರಿಲ್ಲ. ಮಗ ಕುರಿ ಹೊಡೆದುಕೊಂಡು ದೂರ ಹೋಗಿದ್ದ, ಮನೆಯಲ್ಲಿ ತುಂಬಿದ ಬಸುರಿ ಸೊಸೆ ಪಾಲವ್ವ. ಒಂದು ಬೆಳಿಗ್ಗೆ ಸೊಂಟ ನೋವೆಂದು ಸೊಸೆ ಮಲಗಿದ್ದಾಗ ಸಿರಿಯವ್ವ, "ನಾವೇನು ಹೆತ್ತಿಲ್ವೇನೆ? ಏಳು, ಎರಡು ಕುಳ್ಳು ತಂದುಹಾಕು" ಎಂದು ಗದರಿದಳು. ಆ ಹುಡುಗಿ ಎದ್ದು ಹೋದಳು. ಸಗಣಿ ಕುಳ್ಳಿನ ಗೂಡಿಗೆ ಕೈ ಹಾಕುವಾಗ ಕೆಳಗಿದ್ದ ಹಾವು ಹಿಮ್ಮಡಿಗೆ ಕಚ್ಚಿತು. ಆ ಹೆದರಿಕೆಗೇ ಹೆರಿಗೆ ನೋವೂ ಕಿತ್ತುಕೊಂಡಿತು.

ಹೆರಿಗೆಯ ಮನೆಯಲ್ಲಿ ಒಂದು ಗಂಟೂ ಇರಬಾರದು ಎನ್ನುವುದು ನಮ್ಮ ಪದ್ಧತಿ. ತುರುಬು ಬಿಚ್ಚುತ್ತೇವೆ, ಚೀಲದ ಬಾಯಿ ಬಿಚ್ಚುತ್ತೇವೆ, ಕರುವನ್ನೂ ಬಿಡುತ್ತೇವೆ. ಸಿರಿಯವ್ವ ತನ್ನ ಕೈಯಾರೆ ಎಲ್ಲವನ್ನೂ ಬಿಚ್ಚಿದಳು, ಅದೇ ಕೈಯಲ್ಲಿ ಸೆರಗು ಹರಿದು ಸೊಸೆಯ ಕಾಲಿಗೆ ಬಿಗಿದಳು. ವಿಷಕ್ಕೆಂದು ಕಾಟಯ್ಯನಿಗೂ ಕೂಸಿಗೆಂದು ದಾನವ್ವನಿಗೂ ಆಳು ಓಡಿಸಿದಳು. ಆಣೆಯ ಮಾತು ಅವಳಿಗೆ ನೆನಪಿರಲಿಲ್ಲ ಅಂತಲ್ಲ. ಯಾರನ್ನು ಬೇಡ ಅನ್ನಬೇಕಿತ್ತು ಅವಳು?

ಇಬ್ಬರೂ ಬಂದರು, ಇಬ್ಬರೂ ಶುರು ಮಾಡಿದರು. ಕಟ್ಟು ಹೇಳಿದಾಗ ವಿಷ ನಿಂತಿತು, ಕೂಸೂ ನಿಂತಿತು. ಬಿಚ್ಚು ಹೇಳಿದಾಗ ಕೂಸು ಜಾರಿತು, ವಿಷವೂ ಮೊಣಕಾಲು ದಾಟಿತು. ಅವನು ದನಿ ಏರಿಸಿದರೆ ಇವಳೂ ಏರಿಸಿದಳು. ಪಾಲವ್ವನ ತುಟಿ ನೀಲಿಗಟ್ಟಿತು.

"ಅಣ್ಣಾ, ಬಾಯಿ ಮುಚ್ಚು. ಕೂಸಿನ ಉಸಿರು ಕಟ್ತೀಯ."

"ನೀನು ಮುಚ್ಚೇ. ನಿನ್ನ ಬಾಯಿಂದ ವಿಷ ತೊಡೆಗೇರ್ತಾ ಐತೆ. ಅಪ್ಪ ಸುಮ್ನೆ ಆಣೆ ಹಾಕಿಸಿದ್ನಾ?" ಕಾಟಯ್ಯ ಬೆವರು ಒರೆಸಿಕೊಂಡು ಸಿರಿಯವ್ವನ ಕಡೆ ತಿರುಗಿದ. "ಒಂದೇ ಜೀವ ಉಳಿಸೋಕಾಗೋದು ತಾಯಿ. ಯಾವುದು ಬೇಕು, ಬೇಗ ಹೇಳು."

ಸಿರಿಯವ್ವ ಮೂಲೆಯಲ್ಲಿ ಬಿದ್ದಿದ್ದ ತನ್ನ ಹಗ್ಗವನ್ನೇ ನೋಡಿದಳು. ಹಗ್ಗ ನಿಲ್ಲುವುದು ಹೇಗೆ? ಎಳೆಗಳನ್ನು ಬಲಕ್ಕೆ ಹುರಿ ಮಾಡಿ, ಅವನ್ನು ಸೇರಿಸಿ ಎಡಕ್ಕೆ ತಿರುವಬೇಕು. ಒಂದು ಹುರಿ ಬಿಚ್ಚಿಕೊಳ್ಳಲು ಹೊರಟರೆ ಇನ್ನೊಂದು ಬಿಗಿಯುತ್ತದೆ. ಎದುರುಬದುರು ಹುರಿಗಳೇ ಹಗ್ಗವನ್ನು ಹಿಡಿದಿರುವುದು. ಆದರೆ ಹೊಸೆಯುವಾಗ ಆಚೆ ತುದಿಗೆ ಒಬ್ಬರು ಕೂತು ಹಿಡಿದುಕೊಳ್ಳಬೇಕು. ಇಲ್ಲಿ ಆ ತುದಿಗೆ ಯಾರೂ ಇರಲಿಲ್ಲ.

ಅವಳು ಹಗ್ಗದ ಒಂದು ತುದಿಯನ್ನು ಸೊಸೆಯ ಹಿಮ್ಮಡಿಗೆ ಸುತ್ತಿದಳು. ಇನ್ನೊಂದನ್ನು ತನ್ನ ಮುಂಗೈಗೆ ಕುಣಿಕೆಯಾಗಿ ಹಾಕಿಕೊಂಡು ಅಂಗಳಕ್ಕೆ ಹೋಗಿ ಮಂಡಿಯೂರಿದಳು. "ದಾನವ್ವ, ಅವಳ ಮೈಯಾಗಿರೋದೆಲ್ಲಾ ಬಿಚ್ಚು, ಕೂಸನ್ನೂ ವಿಷಾನೂ. ಕಾಟಯ್ಯ, ನೀನು ಇಲ್ಲಿಗೆ ಬಾ. ಹಗ್ಗದಾಗೆ ಬಂದಿದ್ದನ್ನ ನನ್ನ ಮೈಯಾಗೆ ಕಟ್ಟು."

ಕಾಟಯ್ಯ ಅಂಗಳಕ್ಕೆ ಇಳಿದು ಗಂಟು ನೋಡಿದ. "ಹಂಗಾದ್ರೆ ಬಿರುಗಂಟು ಹಾಕ್ಕೋ, ಕುಣಿಕೆ ಬ್ಯಾಡ. ಜಾರಿದ್ರೆ ಎಲ್ಲಾ ವಾಪಸ್ ಅವಳಿಗೇ ಹೋಗ್ತದೆ."

"ಹೆರಿಗೆ ಮನೇಲಿ ಬಿರುಗಂಟು ಹಾಕ್ತಾರೇನೋ ಪೆದ್ದ? ಮಂತ್ರ ಹೇಳು."

ಮೂವತ್ತು ವರ್ಷದಲ್ಲಿ ಮೊದಲ ಸಲ ಅಣ್ಣ ತಂಗಿ ಒಂದೇ ಕಡೆಗೆ ಜಗ್ಗಿದರು. ಹಗ್ಗ ಹಾವಿನಂತೆ ಕಪ್ಪಾಗುತ್ತಾ ಅಂಗಳದವರೆಗೆ ಬಂತು ಎನ್ನುತ್ತಾರೆ. ಒಳಗೆ ಕೂಸು ಅತ್ತಿತು. ಹೊರಗೆ ಸಿರಿಯವ್ವನ ಬೆರಳುಗಳು ಮರಗಟ್ಟಿದವು, ಆಮೇಲೆ ತೋಳು, ಆಮೇಲೆ ಭುಜ. ಕಟ್ಟಿದ್ದು ವಿಷವನ್ನೇ ಆದರೂ ವಿಷ ಮುಟ್ಟಿದ್ದೆಲ್ಲವೂ ಕಲ್ಲಾಗತೊಡಗಿತ್ತು. ದಾನವ್ವ ಓಡಿಬಂದು ಬಿಚ್ಚು ಹೇಳಲು ಬಾಯಿ ತೆರೆದಳು, ಅಣ್ಣ ಅವಳ ಬಾಯಿಗೆ ಕೈ ಅಡ್ಡ ಹಿಡಿದು ತಾನೇ ಅತ್ತ.

ಅಷ್ಟರಲ್ಲಿ ಪಾಲವ್ವ, ನೆತ್ತರು ಇನ್ನೂ ಆರದ ಬಾಣಂತಿ, ಹೊಸ್ತಿಲು ದಾಟಿ ತೆವಳಿಕೊಂಡು ಬಂದಳು. "ಅತ್ತೆವ್ವಾ!" ಎನ್ನುತ್ತಾ ಕುಣಿಕೆಯ ಮೋಟುತುದಿಗೆ ಕೈ ಹಾಕಿದಳು. ಒಂದು ಸಲ ಎಳೆದಿದ್ದರೆ ಸಾಕಿತ್ತು.

"ಕೈ ಬಿಡು." ಸಿರಿಯವ್ವನ ಗಂಟಲಷ್ಟೇ ಉಳಿದಿತ್ತು. "ಒಂದು ಸಲ ನಿನ್ನ ಎಬ್ಬಿಸಿ ಕಳಿಸಿದ್ದು ಸಾಕು ನಂಗೆ. ಹೋಗು, ಹೋಗಿ ಮಲಕ್ಕೋ. ಕೂಸಿಗೆ ಹಾಲು ಕೊಡು."

ಪಾಲವ್ವ ಕೈ ಬಿಟ್ಟಳು. ಅಷ್ಟರಲ್ಲಿ ಸಿರಿಯವ್ವನ ಗಂಟಲೂ ಕಲ್ಲಾಯಿತು.

ಅಂದಿನಿಂದ ಅವಳಿಗೆ ಕುಣಿಕೆವ್ವ ಎಂದೇ ಹೆಸರು. ಹಟ್ಟಿ ಹೋಯಿತು, ಮಣ್ಣಿನ ಗೋಡೆ ಕರಗಿತು, ಕಲ್ಲು ಉಳಿಯಿತು. ನಾರು ಎಷ್ಟು ದಿನ ತಡೆದೀತು? ವರ್ಷಕ್ಕೊಮ್ಮೆ ಪಾಲವ್ವನ ವಂಶದ ಸೊಸೆಯೊಬ್ಬಳು ಹೊಸ ಹಗ್ಗ ಹೊಸೆದು ತರುತ್ತಾಳೆ. ಹೊಸ ಕುಣಿಕೆ ಬಿದ್ದ ಮೇಲೆಯೇ ಹಳೆಯದನ್ನು ಕುಡುಗೋಲಿನಿಂದ ಕೊಯ್ಯುತ್ತಾಳೆ, ಎಳೆದು ಬಿಚ್ಚುವುದಿಲ್ಲ. ಬಿಚ್ಚಿದರೆ ಕಟ್ಟಿಟ್ಟ ವಿಷ ಪಾಲವ್ವನ ವಂಶಕ್ಕೇ ಮರಳುತ್ತದೆ ಎನ್ನುತ್ತಾರೆ. ಹನ್ನೊಂದು ಸಲ ನಾನು ಹಾಕಿದ್ದೇನೆ. ಕಟ್ಟುವಾಗ ಮೋಟುತುದಿ ಅಂಗೈಯಲ್ಲಿ ಒಂದು ಗಳಿಗೆ ಉಳಿಯುತ್ತದೆ. ಆಮೇಲೆ ಅದನ್ನು ಬಿಟ್ಟು ಇಳಿದು ಬರುತ್ತೇವೆ. ನೀವು ಹೋದರೆ ನೋಡುತ್ತೀರಿ, ಆ ತುದಿ ಅಲ್ಲಿ ಕೈಗೆಟುಕುವಷ್ಟು ಹತ್ತಿರದಲ್ಲೇ ನೇತಾಡುತ್ತಿರುತ್ತದೆ.